ಕ್ಯಾಮೆರಾದ ಎರಡು ಬದಿ: ಇರಾನಿನ ನಟಿ, ನಿರ್ದೇಶಕಿ ನಿಕಿ ಕರೀಮಿ



ನಟನೆಯಿಂದ ನಿರ್ದೇಶನಕ್ಕೆ ಬಂದವರು ಜಗತ್ತಿನ ಎಲ್ಲ ಭಾಷೆಗಳ ಸಿನಿಮಾದಲ್ಲೂ ಇದ್ದಾರೆ. ಹೀಗೆ ಬರುವುದನ್ನು ವೃತ್ತಿಯಲ್ಲಿ ಸಿಕ್ಕ ಬಡ್ತಿಯೆಂದು ಭಾವಿಸುವುದು ವಾಡಿಕೆ. ಹೆಸರು ಮಾಡಿದ ಕಲಾವಿದರು ಆ ಹೆಸರಿನ ಬಲದಿಂದಲೇ ನಿರ್ದೇಶಕರ ಸ್ಥಾನವನ್ನೂ ಪಡೆದರು ಎನ್ನುವಲ್ಲಿಗೆ ಚರ್ಚೆ ಸಾಮಾನ್ಯವಾಗಿ ಮುಗಿದುಹೋಗುತ್ತದೆ. ಆದರೆ ಯಾವ ದೇಶದಲ್ಲಿ ಹೆಣ್ಣಿನ ಮುಖವನ್ನು ಎಷ್ಟು ಹತ್ತಿರದಿಂದ ತೋರಿಸಬಹುದು, ಆಕೆ ಯಾರನ್ನು ಹೇಗೆ ನೋಡಬಹುದು, ಆಕೆಯ ಕೈ ಯಾರ ಕೈಯನ್ನು ಮುಟ್ಟಬಾರದು ಎಂಬುದನ್ನೆಲ್ಲ ಪ್ರಭುತ್ವವೇ ನಿಗದಿಪಡಿಸಲು ಹೊರಟಿತೋ, ಆ ದೇಶದಲ್ಲಿ ನಟಿಯೊಬ್ಬರು ಕ್ಯಾಮೆರಾದ ಮುಂದಿನಿಂದ ಹಿಂದಕ್ಕೆ ಬಂದು ನಿಂತರೆ ಅದನ್ನು ಕೇವಲ ಬಡ್ತಿಯೆಂದು ಕರೆಯಲು ಬರುವುದಿಲ್ಲ. ನೋಡುವ ಅಧಿಕಾರವೂ ಆ ಅಧಿಕಾರದ ಜೊತೆಗೆ ಬರುವ ಹೊಣೆಯೂ ಅಲ್ಲಿ ಕೈ ಬದಲಾಯಿಸುತ್ತವೆ.

ಇರಾನಿನ ನಟಿ, ನಿರ್ದೇಶಕಿ ನಿಕಿ ಕರೀಮಿ ಅವರ ವೃತ್ತಿಜೀವನವನ್ನು ಈ ಉಪನ್ಯಾಸವು ಆ ದೃಷ್ಟಿಯಿಂದ ಪರಿಶೀಲಿಸುತ್ತದೆ. ೧೯೭೧ರಲ್ಲಿ ತೆಹರಾನಿನಲ್ಲಿ ಹುಟ್ಟಿದ ಕರೀಮಿ ೧೯೯೦ರ ದಶಕದಲ್ಲಿ ಆ ದೇಶದ ಅತ್ಯಂತ ಪರಿಚಿತ ಮುಖಗಳಲ್ಲಿ ಒಂದಾದರು. ಹೊಸ ಶತಮಾನದ ಆರಂಭದಿಂದ ಸಾಕ್ಷ್ಯಚಿತ್ರ ಮತ್ತು ಕಥಾಚಿತ್ರಗಳನ್ನು ನಿರ್ದೇಶಿಸುತ್ತ ಬಂದರು. ನಿರ್ಬಂಧಗಳ ನಡುವೆ ನಟಿಸುತ್ತ ಅವರು ಸಂಪಾದಿಸಿದ ಜ್ಞಾನವೇ ಮುಂದೆ ಅವರ ನಿರ್ದೇಶನದ ವ್ಯಾಕರಣವಾಯಿತು ಎಂಬುದು ಇಲ್ಲಿಯ ಮುಖ್ಯ ಪ್ರತಿಪಾದನೆ. ಇದನ್ನು ಸಮರ್ಥಿಸಬೇಕಾದರೆ ಮೊದಲು ಇರಾನಿನ ಚಿತ್ರರಂಗದಲ್ಲಿ ನಟರು ನಿರ್ದೇಶಕರಾದ ಪರಂಪರೆಯನ್ನೂ, ಆಮೇಲೆ ೧೯೭೯ರ ಕ್ರಾಂತಿಯ ನಂತರ ತೆರೆಯ ಮೇಲೆ ಜಾರಿಗೆ ಬಂದ ನೋಟದ ನಿಯಮಗಳನ್ನೂ ಅರಿಯುವುದು ಅಗತ್ಯ.

೧. ಪರಂಪರೆ

ಪರ್ಷಿಯನ್ ಭಾಷೆಯ ಮೊದಲ ವಾಕ್ಚಿತ್ರ ಸಿದ್ಧವಾದದ್ದು ಇರಾನಿನಲ್ಲಲ್ಲ, ಮುಂಬಯಿಯಲ್ಲಿ. ೧೯೩೧ರಲ್ಲಿ ‘ಆಲಂ ಆರಾ’ದ ಮೂಲಕ ಭಾರತಕ್ಕೆ ಮೊದಲ ಮಾತಿನ ಚಿತ್ರವನ್ನು ಕೊಟ್ಟ ಅರ್ದೇಶಿರ್ ಇರಾನಿ ಅವರೇ ತಮ್ಮ ಇಂಪೀರಿಯಲ್ ಫಿಲ್ಮ್ ಕಂಪನಿಯಿಂದ ‘ದೋಖ್ತರೆ ಲೋರ್’ ಎಂಬ ಚಿತ್ರವನ್ನೂ ತಯಾರಿಸಿದರು. ಅದು ೧೯೩೩ರಲ್ಲಿ ತೆಹರಾನಿನಲ್ಲಿ ತೆರೆಕಂಡಿತು. ಚಿತ್ರಕಥೆಯನ್ನು ಬರೆದು ನಾಯಕನ ಪಾತ್ರವನ್ನೂ ವಹಿಸಿದ ಅಬ್ದುಲ್‌ಹುಸೇನ್ ಸೆಪಂತಾ ಮುಂದೆ ತಾವೇ ನಿರ್ದೇಶನಕ್ಕಿಳಿದು, ಮಹಾಕವಿ ಫಿರ್ದೌಸಿಯ ಜೀವನವನ್ನೂ ಶಿರೀನ್-ಫರ್ಹಾದ್, ಲೈಲಾ-ಮಜ್ನೂ ಪ್ರೇಮಕಥೆಗಳನ್ನೂ ಭಾರತದ ಸ್ಟುಡಿಯೋಗಳಲ್ಲಿಯೇ ಚಿತ್ರಿಸಿದರು. ಆದ್ದರಿಂದ ನಟ ನಿರ್ದೇಶಕನಾಗುವುದು ಇರಾನಿನ ವಾಕ್ಚಿತ್ರ ಹುಟ್ಟಿದಂದಿನಿಂದಲೇ ಇರುವ ಸಂಗತಿ, ಮತ್ತು ಆ ಪರಂಪರೆಯ ಮೊದಲ ಪುಟ ಭಾರತದ ನೆಲದಲ್ಲಿ ಬರೆಯಲ್ಪಟ್ಟಿದೆ.

ಅದೇ ಚಿತ್ರದ ನಾಯಕಿ ರೂಹಂಗೀಜ್ ಸಾಮಿನೆಜಾದ್ ಅವರ ಕಥೆಯಾದರೋ ಬೇರೆಯಾಗಿದೆ. ಮುಸ್ಲಿಂ ಮಹಿಳೆಯೊಬ್ಬರು ತೆರೆಯ ಮೇಲೆ ಕಾಣಿಸಿಕೊಂಡು ಮಾತನಾಡಿದ್ದನ್ನು ಸಹಿಸದ ಸಮಾಜದಿಂದ ಅವರು ಕಿರುಕುಳವನ್ನೂ ತಿರಸ್ಕಾರವನ್ನೂ ಅನುಭವಿಸಬೇಕಾಯಿತು, ಅವರ ನಟನಾಜೀವನ ಬೇಗನೆ ಕೊನೆಗೊಂಡಿತು. ಒಂದೇ ಚಿತ್ರ ನಾಯಕನಟನನ್ನು ನಿರ್ದೇಶನದ ಕಡೆಗೆ ಒಯ್ದಿತು, ನಾಯಕಿಯನ್ನು ಮೌನಕ್ಕೆ ತಳ್ಳಿತು. ಇರಾನಿನಲ್ಲಿ ನಟಿಯರು ನಿರ್ದೇಶಕಿಯರಾದ ಚರಿತ್ರೆಯನ್ನು ಓದುವಾಗ ಈ ಅಸಮಾನ ಆರಂಭವನ್ನು ನೆನಪಿನಲ್ಲಿ ಇಟ್ಟುಕೊಳ್ಳಬೇಕಾಗುತ್ತದೆ.

ಆ ದೇಶದಲ್ಲಿ ಕಥಾಚಿತ್ರ ನಿರ್ದೇಶಿಸಿದ ಮೊದಲ ಮಹಿಳೆಯೂ ನಟಿಯೇ ಆಗಿದ್ದರು. ಶಹ್ಲಾ ರಿಯಾಹಿ ೧೯೫೬ರಲ್ಲಿ ‘ಮರ್ಜಾನ್’ ಚಿತ್ರವನ್ನು ನಿರ್ದೇಶಿಸಿದರು; ಆದರೆ ಆ ಪ್ರಯತ್ನಕ್ಕೆ ಚಿತ್ರೋದ್ಯಮದ ಬೆಂಬಲ ಒದಗಲಿಲ್ಲ, ಪ್ರೇಕ್ಷಕರು ಅವರನ್ನು ನೆನಪಿಟ್ಟುಕೊಂಡಿದ್ದು ನಟಿಯಾಗಿಯೇ. ಕವಯಿತ್ರಿ ಫರೂಗ್ ಫರ‍್ರುಖ್‌ಜಾದ್ ೧೯೬೨ರಲ್ಲಿ ತಬ್ರೀಜ್ ಬಳಿಯ ಕುಷ್ಠರೋಗಿಗಳ ವಸತಿಯನ್ನು ಕುರಿತು ಚಿತ್ರಿಸಿದ ‘ಖಾನೆ ಸಿಯಾಹ್ ಅಸ್ತ್’, ಅಂದರೆ ‘ಈ ಮನೆ ಕಪ್ಪು’, ಕಿರು ಸಾಕ್ಷ್ಯಚಿತ್ರವಾಗಿದ್ದರೂ ಇರಾನಿನ ಹೊಸ ಅಲೆಯ ಸಿನಿಮಾಕ್ಕೆ ಪೂರ್ವಸೂಚನೆಯಾಯಿತೆಂದು ಚರಿತ್ರಕಾರರು ಗುರುತಿಸಿದ್ದಾರೆ. ಜಗತ್ತು ಮುಖ ತಿರುಗಿಸಿಕೊಂಡ ಮುಖಗಳನ್ನು ಒಬ್ಬ ಹೆಣ್ಣು ಅಂಜದೆ, ಅನುಕಂಪದ ಪ್ರದರ್ಶನವನ್ನೂ ಮಾಡದೆ ನೋಡಿದ ಕ್ರಮ ಮುಂದಿನ ತಲೆಮಾರಿನ ನಿರ್ದೇಶಕಿಯರಿಗೆ ಒಂದು ನೈತಿಕ ಮಾದರಿಯಾಗಿ ಉಳಿಯಿತು.

೨. ನೋಟದ ನಿಯಮಗಳು

೧೯೭೮-೭೯ರ ಕ್ರಾಂತಿಯ ದಿನಗಳಲ್ಲಿ ಸಿನಿಮಾ ಪಾಶ್ಚಾತ್ಯ ಅನೈತಿಕತೆಯ ವಾಹಕವೆಂಬ ಆರೋಪಕ್ಕೆ ಗುರಿಯಾಯಿತು, ಅನೇಕ ಚಿತ್ರಮಂದಿರಗಳು ಬೆಂಕಿಗೆ ಆಹುತಿಯಾದವು. ಆದರೆ ಹೊಸ ಆಡಳಿತ ಸಿನಿಮಾವನ್ನು ನಿಷೇಧಿಸಲಿಲ್ಲ. ತನ್ನ ಮೌಲ್ಯಗಳಿಗೆ ತಕ್ಕಂತೆ ತಿದ್ದಿ ಬಳಸಿಕೊಳ್ಳಲು ನಿರ್ಧರಿಸಿತು. ಸಂಸ್ಕೃತಿ ಮತ್ತು ಇಸ್ಲಾಮಿಕ್ ಮಾರ್ಗದರ್ಶನ ಸಚಿವಾಲಯದ ಅಡಿಯಲ್ಲಿ ಚಿತ್ರೀಕರಣಕ್ಕೆ ಒಂದು, ಪ್ರದರ್ಶನಕ್ಕೆ ಇನ್ನೊಂದು ಎಂಬಂತೆ ಅನುಮತಿಪತ್ರಗಳ ವ್ಯವಸ್ಥೆ ರೂಪುಗೊಂಡಿತು. ೧೯೮೩ರಲ್ಲಿ ಆರಂಭವಾದ ಫಾರಾಬಿ ಸಿನಿಮಾ ಪ್ರತಿಷ್ಠಾನ ಉಪಕರಣ, ಕಚ್ಚಾ ಫಿಲ್ಮ್ ಮತ್ತು ಧನಸಹಾಯವನ್ನು ಒದಗಿಸುವ ಮೂಲಕ ನಿರ್ಮಾಣಕ್ಕೆ ಆಸರೆಯಾಯಿತು, ಅದೇ ಕಾಲಕ್ಕೆ ಅದನ್ನು ನಿಯಂತ್ರಿಸುವ ಸಾಧನವೂ ಆಯಿತು.

ಈ ವ್ಯವಸ್ಥೆಯ ಕೇಂದ್ರದಲ್ಲಿದ್ದದ್ದು ‘ಮಹ್ರಮ್’ ಮತ್ತು ‘ನಾಮಹ್ರಮ್’ ಎಂಬ ಧಾರ್ಮಿಕ ವಿಭಜನೆ. ತಂದೆ, ಮಗ, ಸೋದರನಂತೆ ಮದುವೆಯ ಸಂಬಂಧಕ್ಕೆ ನಿಷಿದ್ಧರಾದ ಹತ್ತಿರದ ಸಂಬಂಧಿಗಳೂ ಪತಿಯೂ ಮಹ್ರಮ್ ಎನಿಸುತ್ತಾರೆ, ಉಳಿದ ಪುರುಷರೆಲ್ಲ ನಾಮಹ್ರಮ್. ಇವರ ಎದುರಿಗೆ ಹೆಣ್ಣು ತಲೆಗೂದಲನ್ನೂ ದೇಹವನ್ನೂ ಮುಚ್ಚಿಕೊಳ್ಳಬೇಕೆಂಬುದು ನಿಯಮ. ವಾಸ್ತವದ ಮನೆಯಲ್ಲಿ ಹೆಂಡತಿ ಗಂಡನ ಮುಂದೆ ಶಿರವಸ್ತ್ರ ಧರಿಸುವುದಿಲ್ಲ. ಆದರೆ ತೆರೆಯ ಮೇಲಿನ ಗಂಡ ನಟನೇ ಹೊರತು ಆಕೆಯ ಪತಿಯಲ್ಲ, ತೆರೆಯ ಮುಂದೆ ಕುಳಿತ ಪ್ರೇಕ್ಷಕನೂ ಅನ್ಯನೇ. ಹೀಗಾಗಿ ಇರಾನಿನ ಚಿತ್ರಗಳಲ್ಲಿ ಹೆಣ್ಣು ತನ್ನ ಮಲಗುವ ಕೋಣೆಯಲ್ಲಿಯೂ ತಲೆ ಮುಚ್ಚಿಕೊಂಡೇ ಇರುತ್ತಾಳೆ. ಹಮೀದ್ ನಫೀಸಿ ಮೊದಲಾದ ಸಿನಿಮಾ ವಿದ್ವಾಂಸರು ತೋರಿಸಿಕೊಟ್ಟಿರುವಂತೆ, ಇದರ ಫಲವಾಗಿ ಕ್ಯಾಮೆರಾ ತಟಸ್ಥ ಯಂತ್ರವಾಗಿ ಉಳಿಯದೆ, ಮನೆಯೊಳಗೆ ಸದಾ ಹಾಜರಿರುವ ಒಬ್ಬ ಅಪರಿಚಿತ ಪುರುಷನ ಕಣ್ಣಿನ ಸ್ಥಾನವನ್ನು ಪಡೆಯಿತು.

೧೯೮೦ರ ದಶಕದ ಮೊದಲ ವರ್ಷಗಳಲ್ಲಿ ಈ ಎಚ್ಚರ ಅತಿರೇಕಕ್ಕೆ ಹೋಗಿ, ಹೆಣ್ಣು ತೆರೆಯಿಂದಲೇ ಬಹುಮಟ್ಟಿಗೆ ಮರೆಯಾದಳು. ಕಾಣಿಸಿಕೊಂಡಾಗಲೂ ಹಿನ್ನೆಲೆಯಲ್ಲಿ, ದೂರದ ಚಿತ್ರಿಕೆಗಳಲ್ಲಿ, ಕುಳಿತೋ ನಿಂತೋ ಇರುವ ಆಕೃತಿಯಾಗಿ ಕಂಡಳು. ಪುರುಷ ಮತ್ತು ಸ್ತ್ರೀ ಪಾತ್ರಗಳು ನೇರವಾಗಿ ಕಣ್ಣಿಟ್ಟು ನೋಡಿಕೊಳ್ಳುವುದನ್ನು ನಿರ್ದೇಶಕರು ತಪ್ಪಿಸುತ್ತಿದ್ದರು. ತಾಯಿ ಮಗನನ್ನು ಅಪ್ಪಿಕೊಳ್ಳುವ, ಮಗಳು ಸಾಯುತ್ತಿರುವ ತಂದೆಯ ಕೈ ಹಿಡಿಯುವ ಸನ್ನಿವೇಶಗಳೂ ಅಸಾಧ್ಯವಾದವು, ಏಕೆಂದರೆ ಆ ಪಾತ್ರಗಳನ್ನು ವಹಿಸಿದವರು ಪರಸ್ಪರ ಅನ್ಯರು. ಪೂರಾನ್ ದೆರಖ್‌ಶಂದೆ, ರಖ್ಷಾನ್ ಬನಿ-ಎತೆಮಾದ್, ತಹ್ಮಿನೆ ಮಿಲಾನಿ ಮೊದಲಾದ ನಿರ್ದೇಶಕಿಯರು ಇಂಥ ವಾತಾವರಣದಲ್ಲಿಯೇ ಆ ದಶಕದ ಕೊನೆಯ ಹೊತ್ತಿಗೆ ಚಿತ್ರಗಳನ್ನು ಮಾಡತೊಡಗಿದರು ಎಂಬುದೂ, ಕ್ರಾಂತಿಯ ಹಿಂದಿನ ಅವಧಿಗಿಂತ ಅವರ ಸಂಖ್ಯೆ ಹೆಚ್ಚಾಗಿತ್ತು ಎಂಬುದೂ ಗಮನಾರ್ಹ. ನಿರ್ಬಂಧ ಹೆಣ್ಣನ್ನು ತೆರೆಯಿಂದ ದೂರ ಸರಿಸಿದ ಕಾಲದಲ್ಲೇ ಹೆಣ್ಣು ನಿರ್ದೇಶಕಿಯ ಸ್ಥಾನಕ್ಕೆ ಬಂದದ್ದು ಇರಾನಿನ ಸಿನಿಮಾ ಚರಿತ್ರೆಯಲ್ಲಿ ಬಿಡಿಸಿ ನೋಡಬೇಕಾದ ವೈರುಧ್ಯಗಳಲ್ಲಿ ಒಂದು.

೩. ಕಣ್ಣಿನ ಅಭಿನಯ

ನಿಕಿ ಕರೀಮಿ ಪ್ರಸಿದ್ಧಿಗೆ ಬಂದದ್ದು ಈ ಬಿಗಿ ಸ್ವಲ್ಪ ಸಡಿಲವಾಗುತ್ತಿದ್ದ ಸಂಧಿಕಾಲದಲ್ಲಿ. ೧೯೯೦ರ ದಶಕದ ಆರಂಭದಲ್ಲಿ ತೆರೆಕಂಡ, ಬೆಹ್ರೂಜ್ ಅಫ್ಖಮಿ ನಿರ್ದೇಶನದ ‘ಅರೂಸ್’, ಅಂದರೆ ‘ವಧು’, ಚಿತ್ರದಲ್ಲಿ ಅವರು ಮಹೀನ್ ಎಂಬ ನವವಧುವಿನ ಪಾತ್ರ ವಹಿಸಿದರು. ಈ ಮದುವೆಗಾಗಿಯೇ ಔಷಧಿಗಳ ಅಕ್ರಮ ವ್ಯಾಪಾರದಿಂದ ಹಣ ಮಾಡಿಕೊಂಡ ಗಂಡ, ಕ್ಯಾಸ್ಪಿಯನ್ ತೀರದ ಕಡೆಗೆ ಹೋಗುವ ದಾರಿಯಲ್ಲಿ ಹೆಂಗಸೊಬ್ಬಳಿಗೆ ಕಾರು ಡಿಕ್ಕಿ ಹೊಡೆಸಿ ನಿಲ್ಲಿಸದೆ ಹೋಗುತ್ತಾನೆ. ಹಿಂದಿರುಗಿ ಅವಳನ್ನು ಉಳಿಸಬೇಕೆಂದು ವಧು ಹಟ ಹಿಡಿಯುತ್ತಾಳೆ. ಜನಪ್ರಿಯತೆಯಲ್ಲಿ ದೊಡ್ಡ ಯಶಸ್ಸು ಕಂಡ ಈ ಚಿತ್ರ, ಯುವ ನಟಿಯೊಬ್ಬರ ಮುಖವನ್ನು ಸಮೀಪದ ಚಿತ್ರಿಕೆಗಳಲ್ಲಿ, ಅಂದರೆ ಕ್ಲೋಸ್‌ಅಪ್‌ಗಳಲ್ಲಿ, ತೆರೆಯ ತುಂಬ ತೋರಿಸಿ ಒಂದು ದಶಕದ ಸಂಕೋಚವನ್ನು ಮುರಿಯಿತು. ಸುಂದರ ಮುಖದ ಮರಳಿಕೆಯೆಂದು ಇದನ್ನು ವರ್ಣಿಸಿದವರುಂಟು; ಆದರೆ ಆ ಮುಖಕ್ಕೆ ಚಿತ್ರ ವಹಿಸಿದ ಕೆಲಸ ಗಂಡನ ಅಪರಾಧವನ್ನು ಕಂಡು ಕಾಣದಂತಿರಲು ನಿರಾಕರಿಸುವುದು ಎಂಬುದನ್ನು ಮರೆಯುವಂತಿಲ್ಲ.

ಆ ಮುಖದೊಳಗಿನ ಕಲಾವಿದೆ ಪೂರ್ಣವಾಗಿ ಪ್ರಕಟವಾದದ್ದು ದಾರಿಯುಷ್ ಮೆಹರ್‌ಜುಯಿ ಅವರ ‘ಸಾರಾ’ ಚಿತ್ರದಲ್ಲಿ. ನಾರ್ವೆಯ ನಾಟಕಕಾರ ಇಬ್ಸೆನ್ ೧೮೭೯ರಲ್ಲಿ ರಚಿಸಿದ ‘ಡಾಲ್ಸ್ ಹೌಸ್’ ನಾಟಕವನ್ನು ತೆಹರಾನಿನ ಮಧ್ಯಮವರ್ಗದ ಮನೆಗೆ ತಂದ ಈ ಚಿತ್ರದಲ್ಲಿ, ಗಂಡನ ಚಿಕಿತ್ಸೆಗಾಗಿ ಗುಟ್ಟಾಗಿ ಸಾಲ ಮಾಡಿದ ಸಾರಾ ರಾತ್ರಿಯೆಲ್ಲ ಕುಳಿತು ಮದುವೆಯ ಉಡುಪುಗಳಿಗೆ ಕಸೂತಿ ಹಾಕಿ ಆ ಸಾಲವನ್ನು ತೀರಿಸುತ್ತಾಳೆ, ಆ ದುಡಿಮೆಯಲ್ಲಿ ಅವಳ ದೃಷ್ಟಿಯೇ ಮಂದವಾಗುತ್ತದೆ. ಇಬ್ಸೆನ್ನನ ನೋರಾ ಕುಣಿಯುತ್ತಾಳೆ, ಗಂಡನ ಮುಂದೆ ಅಳಿಲಿನಂತೆ ಆಡುತ್ತಾಳೆ. ಇರಾನಿನ ತೆರೆಯ ಮೇಲೆ ಕುಣಿತವೂ ಸ್ಪರ್ಶವೂ ನಿಷಿದ್ಧವಾದ್ದರಿಂದ ಪಾತ್ರದ ಒಳಗುದಿಯೆಲ್ಲವೂ ಸೂಜಿ ಹಿಡಿದ ಬೆರಳು, ಅವಸರದ ನಡಿಗೆ, ಹಾಗೂ ದಣಿದ ಕಣ್ಣುಗಳಿಗೆ ಬಂದು ಸೇರುತ್ತದೆ. ನಿಷೇಧವೇ ಇಲ್ಲಿ ಅಭಿನಯವನ್ನು ಸೂಕ್ಷ್ಮಗೊಳಿಸಿತು ಎಂದು ನಿಷೇಧಕ್ಕೆ ಶ್ರೇಯಸ್ಸು ಕೊಡುವುದು ಅನ್ಯಾಯವಾದೀತು. ಆ ಶ್ರೇಯಸ್ಸು ಇಕ್ಕಟ್ಟಿನಲ್ಲಿಯೂ ಅಭಿವ್ಯಕ್ತಿಯ ದಾರಿಯನ್ನು ಹುಡುಕಿದ ಕಲಾವಿದೆಗೆ ಸಲ್ಲತಕ್ಕದ್ದು. ೧೯೯೩ರ ಸಾನ್ ಸೆಬಾಸ್ಟಿಯನ್ ಚಿತ್ರೋತ್ಸವದಲ್ಲಿ ‘ಸಾರಾ’ ಅತ್ಯುತ್ತಮ ಚಿತ್ರದ ಗೋಲ್ಡನ್ ಶೆಲ್ ಪ್ರಶಸ್ತಿಯನ್ನು ಮೆಕ್ಸಿಕೊದ ಚಿತ್ರವೊಂದರೊಡನೆ ಹಂಚಿಕೊಂಡಿತು, ಕರೀಮಿ ಅತ್ಯುತ್ತಮ ನಟಿ ಎನಿಸಿದರು. ಇದೇ ಚಿತ್ರದಲ್ಲಿ ಸಾರಾಳ ಗೆಳತಿಯ ಪಾತ್ರ ವಹಿಸಿದ ಯಾಸ್ಮಿನ್ ಮಲೆಕ್-ನಸ್ರ್ ಕೂಡ ಎರಡೇ ವರ್ಷಗಳಲ್ಲಿ ನಿರ್ದೇಶಕಿಯಾದರೆಂಬುದು, ಆ ತಲೆಮಾರಿನ ನಟಿಯರಲ್ಲಿ ಕ್ಯಾಮೆರಾದ ಇನ್ನೊಂದು ಬದಿಯ ಬಗೆಗಿದ್ದ ತುಡಿತಕ್ಕೆ ಸಾಕ್ಷಿ.

ಮೆಹರ್‌ಜುಯಿ ಅವರೊಡನೆಯೇ ಕರೀಮಿ ‘ಪರಿ’ ಚಿತ್ರದಲ್ಲಿ ಆಧ್ಯಾತ್ಮಿಕ ತಳಮಳಕ್ಕೆ ಸಿಕ್ಕ ವಿದ್ಯಾರ್ಥಿನಿಯಾದರು. ಅಮೆರಿಕದ ಲೇಖಕ ಸ್ಯಾಲಿಂಜರ್ ಅವರ ‘ಫ್ರಾನಿ ಅಂಡ್ ಜೂಯಿ’ ಕೃತಿಯನ್ನು ಅನುಮತಿಯಿಲ್ಲದೆ ಆಧರಿಸಿದ್ದರಿಂದ ೧೯೯೮ರಲ್ಲಿ ನ್ಯೂಯಾರ್ಕಿನಲ್ಲಿ ಆ ಚಿತ್ರದ ಪ್ರದರ್ಶನವನ್ನು ಲೇಖಕರ ವಕೀಲರು ತಡೆದರು. ಇಬ್ರಾಹಿಂ ಹಾತಮಿಕಿಯಾ ಅವರ ‘ಯೂಸುಫನ ಅಂಗಿಯ ಪರಿಮಳ’ ಮತ್ತು ‘ಮಿನೂ ಗೋಪುರ’ ಚಿತ್ರಗಳಲ್ಲಿ, ೧೯೮೦ರಿಂದ ೧೯೮೮ರವರೆಗೆ ನಡೆದ ಇರಾಕ್ ಯುದ್ಧ ಮನೆಮನೆಗಳಲ್ಲಿ ಉಳಿಸಿಹೋದ ಗಾಯಗಳನ್ನು ಹೊತ್ತ ಪಾತ್ರಗಳು ಅವರಿಗೆ ಸಿಕ್ಕವು. ಹೀಗೆ ಜನಪ್ರಿಯ ಸಿನಿಮಾ, ಬೌದ್ಧಿಕ ಸಿನಿಮಾ, ಯುದ್ಧದ ಸಿನಿಮಾ ಎಂಬ ಮೂರು ಬೇರೆ ಬೇರೆ ಶಾಲೆಗಳ ನಿರ್ದೇಶಕರ ಕೆಲಸದ ಕ್ರಮವನ್ನು ಹತ್ತಿರದಿಂದ ಕಂಡದ್ದು ಮುಂದೆ ಅವರಿಗೆ ಔಪಚಾರಿಕ ಶಿಕ್ಷಣಕ್ಕಿಂತ ಮಿಗಿಲಾದ ತರಬೇತಿಯಾಯಿತು.

೪. ಫೆರೆಶ್ತೆಯ ಮಾತು

ನಟಿಯಾಗಿ ಕರೀಮಿ ಅವರ ವೃತ್ತಿಯ ಮತ್ತೊಂದು ಘಟ್ಟ ತಹ್ಮಿನೆ ಮಿಲಾನಿ ಅವರ ಚಿತ್ರಗಳಿಗೆ ಸೇರಿದ್ದು. ‘ದೋ ಜನ್’ (೧೯೯೯), ‘ನಿಮೆಯೆ ಪೆನ್ಹಾನ್’ (೨೦೦೧), ‘ವಾಕನೆಶೆ ಪಂಜೋಮ್’ (೨೦೦೩), ಅಂದರೆ ಕ್ರಮವಾಗಿ ‘ಇಬ್ಬರು ಹೆಂಗಸರು’, ‘ಮರೆಯಾದ ಅರ್ಧ’, ‘ಐದನೆಯ ಪ್ರತಿಕ್ರಿಯೆ’, ಎಂಬ ಮೂರು ಚಿತ್ರಗಳಲ್ಲಿಯೂ ಅವರ ಪಾತ್ರದ ಹೆಸರು ಫೆರೆಶ್ತೆ. ಮೊದಲನೆಯದರಲ್ಲಿ ವಾಸ್ತುಶಿಲ್ಪ ಓದುವ ಪ್ರತಿಭಾವಂತೆ ಬೆನ್ನು ಬಿದ್ದವನೊಬ್ಬನ ಕಾಟಕ್ಕೆ, ಕ್ರಾಂತಿಯ ನಂತರ ವಿಶ್ವವಿದ್ಯಾಲಯಗಳು ಮುಚ್ಚಿದ ದಿನಗಳ ಅತಂತ್ರಕ್ಕೆ, ಕೊನೆಗೆ ಸಂಶಯಪಿಶಾಚಿಯಾದ ಗಂಡನ ಮನೆಗೆ ಸಿಕ್ಕಿ ಬಳಲುತ್ತಾಳೆ. ಎರಡನೆಯದರಲ್ಲಿ, ಮರಣದಂಡನೆಗೆ ಗುರಿಯಾದ ರಾಜಕೀಯ ಕೈದಿಯ ವಿಚಾರಣೆಗೆ ಹೊರಟ ನ್ಯಾಯಾಧೀಶ ಗಂಡನಿಗೆ ಹೆಂಡತಿ ತನ್ನ ಎಡಪಂಥೀಯ ಯೌವನದ ಕಥೆಯನ್ನು ಬರೆದು ತಿಳಿಸುತ್ತಾಳೆ. ಮೂರನೆಯದರಲ್ಲಿ ವಿಧವೆಯೊಬ್ಬಳು ತನ್ನ ಮಕ್ಕಳಿಗಾಗಿ ಬಲಾಢ್ಯ ಮಾವನನ್ನು ಎದುರಿಸುತ್ತಾಳೆ; ತಂದೆ ತೀರಿಕೊಂಡರೆ ಮಕ್ಕಳ ಪಾಲಕತ್ವದಲ್ಲಿ ತಾತನಿಗೆ ಮೇಲುಗೈ ಕೊಡುವ ಕಾನೂನು ಅಲ್ಲಿಯ ಸಂಘರ್ಷದ ಮೂಲ.

ಈ ಫೆರೆಶ್ತೆಯರು ಮಾತಿನ ಹೆಣ್ಣುಗಳು. ಅನ್ಯಾಯವನ್ನು ಹೆಸರಿಸಿ, ವಾದಿಸಿ, ಕೂಗಿ ಹೇಳುವುದು ಮಿಲಾನಿ ಅವರ ಸಿನಿಮಾದ ಬಲ. ‘ದೋ ಜನ್’ ಚಿತ್ರದ ಕೊನೆಯಲ್ಲಿ ತಡೆದಿಟ್ಟ ಮಾತುಗಳೆಲ್ಲ ಒಮ್ಮೆಲೇ ಹೊರನುಗ್ಗುವ ಸನ್ನಿವೇಶ ಇರಾನಿನ ಅಸಂಖ್ಯ ಮಹಿಳೆಯರಿಗೆ ತಮ್ಮದೇ ದನಿಯಾಗಿ ಕೇಳಿಸಿತು. ಆ ಮಾತಿಗೆ ಬೆಲೆಯನ್ನೂ ತೆರಬೇಕಾಯಿತು: ಸಚಿವಾಲಯದ ಅನುಮತಿ ಪಡೆದೇ ತಯಾರಾಗಿದ್ದ ‘ನಿಮೆಯೆ ಪೆನ್ಹಾನ್’ ಬಿಡುಗಡೆಯಾದ ಮೇಲೆ, ೨೦೦೧ರ ಆಗಸ್ಟ್‌ನಲ್ಲಿ ಮಿಲಾನಿ ಬಂಧನಕ್ಕೊಳಗಾದರು, ಅಂದಿನ ಅಧ್ಯಕ್ಷ ಖಾತಮಿ ಅವರ ಮಧ್ಯಪ್ರವೇಶದ ನಂತರ ಬಿಡುಗಡೆ ಹೊಂದಿದರು. ಕರೀಮಿ ತಮ್ಮ ಮೊದಲ ನಿರ್ದೇಶನವನ್ನು ಮುಗಿಸಿದ್ದು ಅದೇ ವರ್ಷ. ನಿರ್ದೇಶಕಿಯ ಕೆಲಸದಲ್ಲಿ ಏನೇನು ಅಪಾಯಗಳಿವೆ ಎಂಬುದು ಅವರ ಕಣ್ಣೆದುರೇ ಇತ್ತು. ಆದರೂ ಅವರು ಆ ದಾರಿಗೆ ಬಂದರು ಎಂಬುದನ್ನು ಚರಿತ್ರೆ ದಾಖಲಿಸಬೇಕು.

೫. ಕೇಳಿಸಿಕೊಳ್ಳುವ ನಾಯಕಿ

ಆ ಮೊದಲ ಕೃತಿ ‘ದಾಶ್ತನ್ ವ ನದಾಶ್ತನ್’, ಅಂದರೆ ‘ಇರುವುದು ಮತ್ತು ಇಲ್ಲದಿರುವುದು’, ಮಕ್ಕಳಿಲ್ಲದ ದಂಪತಿಗಳನ್ನು ಕುರಿತ ಸಾಕ್ಷ್ಯಚಿತ್ರ. ಬಂಜೆತನದ ಭಾರವನ್ನು ಸಮಾಜ ಬಹುತೇಕ ಹೆಣ್ಣಿನ ಮೇಲೆಯೇ ಹೊರಿಸುವ ಸಂದರ್ಭದಲ್ಲಿ, ತಾರೆಯೊಬ್ಬರು ತಮ್ಮ ಮುಖವನ್ನು ಬದಿಗಿಟ್ಟು ಸಾಮಾನ್ಯರ ಮಾತಿಗೆ ಕಿವಿಯಾದದ್ದು ಮುಂದಿನ ಕೆಲಸದ ದಿಕ್ಕನ್ನೇ ಸೂಚಿಸಿತು. ನಿರ್ದೇಶಕ ಅಬ್ಬಾಸ್ ಕಿಯಾರೊಸ್ತಮಿ ಅವರ ಚಿತ್ರಗಳಿಂದ ಕಲಿತ ಸಂಯಮವೂ ಕರೀಮಿ ಅವರ ನಿರ್ದೇಶನದಲ್ಲಿ ಸ್ಪಷ್ಟವಾಗಿ ಕಾಣುತ್ತದೆ. ಇದೇ ಕಾಲದಲ್ಲಿ ಕರೀಮಿ ಸಾಹಿತ್ಯದ ಅನುವಾದದಲ್ಲಿಯೂ ತೊಡಗಿದ್ದರು. ಹಾಲಿವುಡ್ ನಟ ಮಾರ್ಲನ್ ಬ್ರಾಂಡೊ ಅವರ ಆತ್ಮಕಥೆಯನ್ನು ಪರ್ಷಿಯನ್‌ಗೆ ತಂದವರು ಅವರೇ. ನಟನೆಯನ್ನು ಆಲೋಚನೆಯ ವಿಷಯವಾಗಿ ಕಾಣುವ ಮನೋಧರ್ಮ ಅವರದೆಂಬುದಕ್ಕೆ ಇದೂ ಒಂದು ನಿದರ್ಶನ.

೨೦೦೫ರ ‘ಯೆಕ್ ಶಬ್’, ಅಂದರೆ ‘ಒಂದು ರಾತ್ರಿ’, ಅವರ ಮೊದಲ ಕಥಾಚಿತ್ರ. ಕಾನ್ ಚಿತ್ರೋತ್ಸವದಲ್ಲಿ ಹೊಸ ದೃಷ್ಟಿಯ ಚಿತ್ರಗಳಿಗೆಂದು ಮೀಸಲಾದ ‘ಅನ್ ಸರ್ತೇನ್ ರೆಗಾರ್’ ವಿಭಾಗಕ್ಕೆ ಅದು ಆಯ್ಕೆಯಾಯಿತು. ಅಂದು ರಾತ್ರಿ ಮನೆಗೆ ಬರಲಿರುವ ಗೆಳೆಯನಿಗಾಗಿ ತಾಯಿ ಮಗಳನ್ನು ಹೊರಗಿರುವಂತೆ ಕೇಳಿಕೊಳ್ಳುತ್ತಾಳೆ. ಮಗಳು ನೆಗಾರ್ ತೆಹರಾನಿನ ಬೀದಿಗಳಲ್ಲಿ ರಾತ್ರಿ ಕಳೆಯುತ್ತ, ಒಬ್ಬರಾದ ಮೇಲೊಬ್ಬರಂತೆ ಮೂವರು ಗಂಡಸರ ಕಾರುಗಳನ್ನು ಹತ್ತುತ್ತಾಳೆ. ಈ ಪಾತ್ರವನ್ನು ಕರೀಮಿ ತಾವು ವಹಿಸದೆ ಹಾನಿಯೆ ತವಸ್ಸೊಲಿ ಅವರಿಗೆ ಒಪ್ಪಿಸಿದರು. ಮೂವರು ಗಂಡಸರೂ ಹೆಣ್ಣಿನ ಬಗ್ಗೆ, ದಾಂಪತ್ಯದ ಬಗ್ಗೆ, ತಮ್ಮ ಬಗ್ಗೆ ಮಾತನಾಡುತ್ತ ಹೋಗುತ್ತಾರೆ; ನೆಗಾರ್ ಕೇಳುತ್ತಾಳೆ, ಆಗಾಗ ಪ್ರಶ್ನಿಸುತ್ತಾಳೆ.

ಫೆರೆಶ್ತೆಯ ಮಾತಿನಿಂದ ನೆಗಾರಳ ಮೌನಕ್ಕೆ ಬಂದ ಈ ಬದಲಾವಣೆ ಹಿಂಜರಿಕೆಯಂತೆ ಕಾಣಬಹುದು. ಪರಿಶೀಲಿಸಿದರೆ, ಇಲ್ಲಿ ನ್ಯಾಯಾಸನವೇ ಸ್ಥಾನ ಬದಲಾಯಿಸಿದೆ. ಮಿಲಾನಿ ಅವರ ಚಿತ್ರಗಳಲ್ಲಿ ಹೆಣ್ಣು ತನ್ನ ದೂರನ್ನು ಸಮಾಜದ ಮುಂದೆ ಮಂಡಿಸುವ ಅರ್ಜಿದಾರಳು; ಕರೀಮಿ ಅವರ ಚಿತ್ರದಲ್ಲಿ ಗಂಡಸರೇ ಒಬ್ಬೊಬ್ಬರಾಗಿ ಬಂದು ತಮ್ಮ ಹೇಳಿಕೆ ಕೊಡುತ್ತಾರೆ, ಹೆಣ್ಣು ಅವರ ಮಾತನ್ನು ತೂಗುತ್ತಾಳೆ. ಬಹುಕಾಲ ಕ್ಯಾಮೆರಾದ ಮುಂದೆ ನಿಂತು, ಎದುರಿನ ಪಾತ್ರದ ಮಾತಿಗೆ ಮುಖದಲ್ಲಿಯೇ ಉತ್ತರಿಸುವ ಕಲೆಯನ್ನು ಕಲಿತವರಿಗೆ, ಕೇಳಿಸಿಕೊಳ್ಳುವುದೂ ಪೂರ್ಣ ಪ್ರಮಾಣದ ಅಭಿನಯವೆಂಬುದು ಗೊತ್ತಿರುತ್ತದೆ. ಈ ಅರಿವು ನಟಿಯಿಂದ ನಿರ್ದೇಶಕಿಗೆ ಬಂದ ಆಸ್ತಿ.

ಕಾರಿನ ಆಯ್ಕೆಯೂ ಆಕಸ್ಮಿಕವಲ್ಲ. ಮನೆಯೊಳಗಿನ ದೃಶ್ಯಗಳಲ್ಲಿ ಶಿರವಸ್ತ್ರ ತರುವ ಅಸಹಜತೆ ಕಾರಿನಲ್ಲಿ ಇರುವುದಿಲ್ಲ, ಏಕೆಂದರೆ ಗಾಜಿನ ಕಿಟಕಿಗಳ ಕಾರು ಬೀದಿಯ ಕಣ್ಣಿಗೆ ತೆರೆದಿರುತ್ತದೆ, ಅಲ್ಲಿ ಹೆಣ್ಣು ತಲೆ ಮುಚ್ಚಿಕೊಂಡಿರುವುದೇ ಅಂದಿನ ಇರಾನಿನ ವಾಸ್ತವವಾಗಿತ್ತು. ಜೊತೆಗೆ, ಅಕ್ಕಪಕ್ಕ ಕುಳಿತ ಇಬ್ಬರು ಪರಸ್ಪರ ಮುಖ ನೋಡದೆ ಮುಂದಿನ ರಸ್ತೆಯನ್ನು ನೋಡುತ್ತ ಅತ್ಯಂತ ಖಾಸಗಿ ಸಂಗತಿಗಳನ್ನು ಮಾತನಾಡಬಲ್ಲ ಜಾಗ ಅದು. ಕಿಯಾರೊಸ್ತಮಿ ೨೦೦೨ರ ‘ದಹ್’, ಅಂದರೆ ‘ಹತ್ತು’, ಚಿತ್ರದಲ್ಲಿ ಕಾರಿನೊಳಗೆ ಡಿಜಿಟಲ್ ಕ್ಯಾಮೆರಾಗಳನ್ನಿಟ್ಟು ಈ ಸಾಧ್ಯತೆಯನ್ನು ಶೋಧಿಸಿದ್ದರು. ಅದರಲ್ಲಿ ಕಾರು ಓಡಿಸುವ ಹೆಣ್ಣಾಗಿ ಕಾಣಿಸಿಕೊಂಡ ಮಾನಿಯಾ ಅಕ್ಬರಿ ಕೂಡ ೨೦೦೪ರಲ್ಲಿ ‘೨೦ ಬೆರಳುಗಳು’ ಚಿತ್ರದಿಂದ ನಿರ್ದೇಶಕಿಯಾದರು. ‘ದಹ್’ ಚಿತ್ರದ ಕಾರಿನ ಚುಕ್ಕಾಣಿ ಹೆಣ್ಣಿನ ಕೈಯಲ್ಲಿತ್ತು. ‘ಯೆಕ್ ಶಬ್’ ಚಿತ್ರದ ನೆಗಾರ್ ಪಕ್ಕದ ಆಸನದಲ್ಲಿದ್ದಾಳೆ; ಊರು ಅವಳದೇ ಆದರೂ ರಾತ್ರಿಯ ಹೊತ್ತಿನಲ್ಲಿ ಅವಳಿಗೆಂದು ಅಲ್ಲಿ ಜಾಗವಿಲ್ಲ ಎಂಬ ಸತ್ಯ ಆ ಆಸನದಿಂದಲೇ ನಿಚ್ಚಳವಾಗುತ್ತದೆ.

೬. ನೋಡುವವರ ಹೊಣೆ

೨೦೦೬ರ ‘ಚಂದ್ ರೂಜ್ ಬಾದ್’, ಅಂದರೆ ‘ಕೆಲವು ದಿನಗಳ ನಂತರ’, ಚಿತ್ರದಲ್ಲಿ ಕರೀಮಿ ನಿರ್ದೇಶಕಿಯೂ ನಾಯಕಿಯೂ ಆದರು. ಸ್ವಂತ ದುಡಿಮೆಯ ಮೇಲೆ ನಿಂತ ನಗರದ ಹೆಣ್ಣೊಬ್ಬಳು ನಿರ್ಧಾರವೊಂದನ್ನು ಕೈಗೊಳ್ಳಲಾರದೆ ಮುಂದೂಡುತ್ತ ಹೋಗುವ ಸ್ಥಿತಿಯನ್ನು, ದೊಡ್ಡ ಘಟನೆಗಳಿಲ್ಲದೆ, ದಿನಚರಿಯ ಸಣ್ಣ ಸಂಗತಿಗಳಿಂದಲೇ ಆ ಚಿತ್ರ ಕಟ್ಟಿಕೊಡುತ್ತದೆ. ಆರ್ಥಿಕ ಸ್ವಾತಂತ್ರ್ಯ ದಕ್ಕಿದ ಮೇಲೂ ಆಯ್ಕೆಯ ಭಾರ ಹಗುರಾಗುವುದಿಲ್ಲ ಎಂಬ ಅದರ ಗ್ರಹಿಕೆ, ಹೆಣ್ಣನ್ನು ಪೀಡಿತೆಯಾಗಿ ಮಾತ್ರ ಚಿತ್ರಿಸುವ ರೂಢಿಯಿಂದ ದೂರ ನಿಲ್ಲುತ್ತದೆ.

೨೦೧೧ರ ‘ಸೂತೆ ಪಾಯಾನ್’, ಅಂದರೆ ‘ಅಂತಿಮ ಶಿಳ್ಳೆ’, ಈ ಉಪನ್ಯಾಸದ ವಸ್ತುವಿಗೆ ಅತ್ಯಂತ ಹತ್ತಿರವಾದ ಚಿತ್ರ. ಅದರ ನಾಯಕಿ ಸ್ವತಃ ಚಿತ್ರ ನಿರ್ದೇಶಕಿ. ಆ ಪಾತ್ರವನ್ನು ಕರೀಮಿ ಅವರೇ ವಹಿಸಿದ್ದಾರೆ, ಗಂಡನಾಗಿ ಶಹಾಬ್ ಹುಸೇನಿ ಇದ್ದಾರೆ. ಮರಣದಂಡನೆಗೆ ಗುರಿಯಾದ ತಾಯಿಯನ್ನು ಉಳಿಸಿಕೊಳ್ಳಲು ಹೆಣಗುವ ಯುವತಿಯೊಬ್ಬಳು ಆ ನಿರ್ದೇಶಕಿಯ ಬದುಕಿನಲ್ಲಿ ಪ್ರವೇಶಿಸುತ್ತಾಳೆ. ಇರಾನಿನ ದಂಡಸಂಹಿತೆಯಲ್ಲಿ ‘ಕಿಸಾಸ್’ ಎಂಬುದು ಕೊಲೆಯಾದವರ ವಾರಸುದಾರರಿಗೆ ಪ್ರಾಣಕ್ಕೆ ಪ್ರಾಣ ಕೇಳುವ ಹಕ್ಕನ್ನು ಕೊಡುತ್ತದೆ. ಅವರು ಒಪ್ಪಿದರೆ ‘ದಿಯೆ’ ಎಂಬ ರಕ್ತಪರಿಹಾರದ ಹಣ ಪಡೆದು ಅಪರಾಧಿಯ ಪ್ರಾಣ ಉಳಿಸಬಹುದು. ಹೀಗಾಗಿ ಬಡವರ ಪಾಲಿಗೆ ಜೀವ ಮತ್ತು ಮರಣದ ನಡುವಿನ ಅಂತರ ಹಣದ ಮೊತ್ತವಾಗಿಬಿಡುತ್ತದೆ.

ಇಂಥ ಸಂಕಟದ ಎದುರಿಗೆ ಕ್ಯಾಮೆರಾ ಹಿಡಿದವರ ಕರ್ತವ್ಯವೇನು ಎಂಬುದು ಚಿತ್ರ ಎತ್ತುವ ಪ್ರಶ್ನೆ. ಪರರ ನೋವನ್ನು ದಾಖಲಿಸುವುದರಿಂದ ಕರ್ತವ್ಯ ಮುಗಿಯಿತೇ, ನೆರವಿಗೆ ಇಳಿದರೆ ಕಲಾವಿದರ ದೂರ ಕಳೆದುಹೋಗುತ್ತದೆಯೇ, ಇಳಿಯದಿದ್ದರೆ ಆ ದೂರಕ್ಕೆ ಬೆಲೆಯಿದೆಯೇ? ಸ್ವತಃ ಎರಡು ದಶಕ ಕಾಲ ಇತರರ ನೋಟಕ್ಕೆ ವಸ್ತುವಾಗಿದ್ದವರು ಈ ಪ್ರಶ್ನೆಯನ್ನು ಕೇಳಿದಾಗ ಅದಕ್ಕೆ ಹೆಚ್ಚಿನ ತೂಕ ಬರುತ್ತದೆ. ತಮ್ಮ ಕೈಗೆ ಬಂದ ನೋಡುವ ಅಧಿಕಾರವನ್ನು ಅವರು ಪ್ರಶ್ನಾತೀತವೆಂದು ಒಪ್ಪಿಕೊಳ್ಳದೆ, ತಮ್ಮದೇ ಮುಖವನ್ನು ನಿರ್ದೇಶಕಿಯ ಪಾತ್ರದಲ್ಲಿ ಮತ್ತೆ ಕ್ಯಾಮೆರಾದ ಮುಂದೆ ತಂದು ಪರೀಕ್ಷೆಗೆ ಒಡ್ಡಿದರು. ೨೦೧೫ರ ‘ಶಿಫ್ಟೆ ಶಬ್’, ಅಂದರೆ ‘ರಾತ್ರಿ ಪಾಳಿ’, ಗಂಡ ಮುಚ್ಚಿಟ್ಟ ಹಣಕಾಸಿನ ಸಂಕಟವನ್ನು ಹೆಂಡತಿ ಅವನ ವರ್ತನೆಯಿಂದಲೇ ಓದುತ್ತ ಹೋಗುವ ಕಥೆ. ಅಲ್ಲಿಯೂ ಗಮನಿಸುವವಳು ಹೆಣ್ಣೇ.

೭. ತೆಹರಾನಿನಿಂದ ಖೋಯ್‌ಗೆ

೨೦೨೦ರ ‘ಅತಾಬಾಯಿ’ ಈ ಬೆಳವಣಿಗೆಯ ಅನಿರೀಕ್ಷಿತವಾದರೂ ತರ್ಕಬದ್ಧವಾದ ಮುಂದಿನ ಹೆಜ್ಜೆ. ಅದುವರೆಗೆ ತೆಹರಾನಿನ ಮಧ್ಯಮವರ್ಗದ ಹೆಣ್ಣುಗಳ ಕಥೆ ಹೇಳಿದ ನಿರ್ದೇಶಕಿ ಇಲ್ಲಿ ಪಶ್ಚಿಮ ಅಜರ್‌ಬೈಜಾನ್ ಪ್ರಾಂತದ ಖೋಯ್ ಸೀಮೆಯ ಹಳ್ಳಿಗೆ ಹೋದರು, ಪರ್ಷಿಯನ್ ಬದಲಿಗೆ ಆ ಭಾಗದ ಜನರ ಮಾತಾದ ಅಜರ್‌ಬೈಜಾನಿ ತುರ್ಕಿಯಲ್ಲಿ ಚಿತ್ರ ಮಾಡಿದರು, ನಡುವಯಸ್ಸಿನ ಗಂಡಸೊಬ್ಬನನ್ನು ಕಥೆಯ ಕೇಂದ್ರದಲ್ಲಿಟ್ಟರು. ಚಿತ್ರಕಥೆಯಲ್ಲಿ ಕೈಜೋಡಿಸಿ ನಾಯಕನ ಪಾತ್ರವನ್ನೂ ವಹಿಸಿದ ಹಾದಿ ಹೆಜಾಜಿಫರ್ ಖೋಯ್‌ನವರೇ. ತೆಹರಾನಿನ ಓದನ್ನು ಅರ್ಧಕ್ಕೆ ಬಿಟ್ಟು ಊರಿಗೆ ಮರಳಿದ ಆ ನಾಯಕ, ಸೋದರಿಯ ಸಾವಿನ ದುಃಖವನ್ನೂ ತಂದೆಯ ಮೇಲಿನ ಕೋಪವನ್ನೂ ಒಳಗೇ ಹೊತ್ತು ಒರಟನಾಗಿ ಬದುಕುತ್ತಿರುವಾಗ ಮತ್ತೆ ಪ್ರೀತಿಗೆ ಎದುರಾಗುತ್ತಾನೆ.

ಇರಾನಿನಲ್ಲಿ ಅಜರ್‌ಬೈಜಾನಿ ತುರ್ಕಿ ಕೋಟ್ಯಂತರ ಜನರ ತಾಯಿಮಾತು. ಆದರೆ ಮುಖ್ಯವಾಹಿನಿಯ ಚಿತ್ರಗಳಲ್ಲಿ ಆ ನುಡಿಯ ಛಾಯೆ ಬಹುಕಾಲ ಹಾಸ್ಯಪಾತ್ರಗಳ ಉಚ್ಚಾರಣೆಗೆ ಸೀಮಿತವಾಗಿತ್ತು. ಬಹ್ಮನ್ ಗೊಬಾದಿ ೨೦೦೦ದಲ್ಲಿ ‘ಮತ್ತೇರಿದ ಕುದುರೆಗಳ ಕಾಲ’ ಚಿತ್ರದ ಮೂಲಕ ಕುರ್ದಿಷ್ ನುಡಿಗೆ ತಂದ ಘನತೆಯಂತೆಯೇ, ‘ಅತಾಬಾಯಿ’ ತುರ್ಕಿ ನುಡಿಗೆ ಪ್ರೇಮ, ಶೋಕ, ಪಶ್ಚಾತ್ತಾಪಗಳ ಪೂರ್ಣ ಹರವನ್ನು ಕೊಟ್ಟಿತು. ಪ್ರಾದೇಶಿಕ ಭಾಷೆಗಳ ಸಿನಿಮಾಗಳ ಹಕ್ಕನ್ನು ಬಲ್ಲ ಕನ್ನಡ ಪ್ರೇಕ್ಷಕರಿಗೆ ಇದರ ಮಹತ್ವವನ್ನು ವಿವರಿಸಿ ಹೇಳಬೇಕಿಲ್ಲ.

ಮಹಿಳಾ ನಿರ್ದೇಶಕರು ಮಹಿಳೆಯರ ಕಥೆಯನ್ನೇ ಹೇಳಬೇಕೆಂಬ ನಿರೀಕ್ಷೆ, ಮೇಲುನೋಟಕ್ಕೆ ಗೌರವದಂತೆ ಕಂಡರೂ, ಒಂದು ಬಗೆಯ ಗಡಿಯೇ ಆಗಿದೆ. ಗಂಡಸಿನ ಒಳಗುದಿಯನ್ನು ಹೆಣ್ಣು ನೋಡಿ ಹೇಳುವುದು, ಅದೂ ಆ ಗಂಡಸಿನ ಹಟಮಾರಿತನವನ್ನು ಮನ್ನಿಸದೆಯೇ ಅವನ ದುಃಖವನ್ನು ಗೌರವಿಸುವುದು, ನೋಟದ ಹಕ್ಕು ಪೂರ್ಣವಾಗಿ ದಕ್ಕಿದ್ದಕ್ಕೆ ಲಕ್ಷಣ. ಪುರುಷ ನಟರ ನಿರ್ದೇಶನದಲ್ಲಿಯೂ ಇದರ ಪ್ರತಿರೂಪ ಕಾಣಿಸುತ್ತದೆ: ‘ಎ ಸೆಪರೇಷನ್’ ಚಿತ್ರದಿಂದ ಜಗತ್ತಿಗೆ ಪರಿಚಿತರಾದ ಪೇಮಾನ್ ಮೊಆದಿ ೨೦೧೨ರಲ್ಲಿ ನಿರ್ದೇಶಿಸಿದ ಕಪ್ಪು-ಬಿಳುಪು ಚಿತ್ರ ‘ದೇವದಾರುಗಳ ಮೇಲಿನ ಹಿಮ’, ಗಂಡನ ವಂಚನೆಯನ್ನು ಅರಿತ ಸಂಗೀತ ಶಿಕ್ಷಕಿಯೊಬ್ಬಳ ಮನಸ್ಸನ್ನು ಅನುಸರಿಸುತ್ತದೆ. ಪರಕಾಯ ಪ್ರವೇಶ ನಟನೆಯ ಮೂಲಧರ್ಮ. ನಟರು ನಿರ್ದೇಶಕರಾದಾಗ ಆ ಧರ್ಮವನ್ನು ಅವರು ತಮ್ಮದಲ್ಲದ ಬದುಕುಗಳಿಗೂ ವಿಸ್ತರಿಸುತ್ತಾರೆ.

೮. ಉಪಸಂಹಾರ

ಕಿಯಾರೊಸ್ತಮಿ ೨೦೦೮ರಲ್ಲಿ ‘ಶಿರೀನ್’ ಎಂಬ ಅಪೂರ್ವ ಪ್ರಯೋಗವನ್ನು ಮಾಡಿದರು. ಹನ್ನೆರಡನೆಯ ಶತಮಾನದ ಕವಿ ನಿಜಾಮಿ ಹಾಡಿದ ಖುಸ್ರೋ-ಶಿರೀನರ ಪ್ರೇಮಕಥೆಯ ಧ್ವನಿ ಮಾತ್ರ ಅದರಲ್ಲಿ ಕೇಳಿಸುತ್ತದೆ. ಕಾಣಿಸುವುದು ಆ ಕಥೆಯನ್ನು ಚಿತ್ರಮಂದಿರದಲ್ಲಿ ನೋಡುತ್ತಿರುವಂತೆ ಕುಳಿತ ನೂರಕ್ಕೂ ಹೆಚ್ಚು ನಟಿಯರ ಮುಖಗಳು, ಅವುಗಳಲ್ಲಿ ಕರೀಮಿ ಅವರದೂ ಒಂದು. ನಟಿಯನ್ನು ನೋಡಲು ಬಂದ ಪ್ರೇಕ್ಷಕರು ನೋಡುತ್ತಿರುವ ನಟಿಯನ್ನು ನೋಡಬೇಕಾಗುತ್ತದೆ. ಆ ಚಿತ್ರ ಸಿದ್ಧಾಂತವಾಗಿ ಮುಂದಿಟ್ಟ ಸಂಗತಿಯನ್ನು ಕರೀಮಿ ಅಷ್ಟರಲ್ಲಾಗಲೇ ತಮ್ಮ ವೃತ್ತಿಯಲ್ಲಿ ಆಚರಣೆಗೆ ತಂದಿದ್ದರು.

ಸಭಿಕರೇ, ಈ ಪರಿಶೀಲನೆಯಿಂದ ಎರಡು ತೀರ್ಮಾನಗಳಿಗೆ ಬರಬಹುದು. ಇರಾನಿನ ಸಿನಿಮಾವನ್ನು ಹೊರಗಿನಿಂದ ನೋಡುವವರು ನಿರ್ಬಂಧ ಮತ್ತು ಪ್ರತಿಭಟನೆ ಎಂಬ ಎರಡೇ ಪದಗಳಲ್ಲಿ ಅದನ್ನು ಓದುವುದು ಸಾಲದು. ನಿರ್ಬಂಧದೊಳಗೆ ದಿನದಿನವೂ ಕೆಲಸ ಮಾಡಿದ ಕಲಾವಿದರು ಕಟ್ಟಿಕೊಂಡ ಕಸುಬಿನ ಜ್ಞಾನವನ್ನು ಅದರ ಸ್ವಂತ ಮೌಲ್ಯಕ್ಕಾಗಿ ಅಭ್ಯಾಸ ಮಾಡಬೇಕು. ಹಾಗೆಯೇ, ಸಿನಿಮಾ ಚರಿತ್ರೆಯನ್ನು ನಿರ್ದೇಶಕರ ಹೆಸರುಗಳ ಸಾಲಾಗಿ ಬರೆಯುವ ಪದ್ಧತಿಯೂ ತಿದ್ದುಪಡಿ ಬೇಡುತ್ತದೆ. ಮೆಹರ್‌ಜುಯಿ ಅವರ ‘ಸಾರಾ’, ಮಿಲಾನಿ ಅವರ ‘ದೋ ಜನ್’ ಎಂದು ಹೇಳುವಾಗ ಆ ಕೃತಿಗಳ ಅರ್ಥವನ್ನು ತಮ್ಮ ಕಣ್ಣು, ದನಿ, ಬೆರಳುಗಳಿಂದ ಕಟ್ಟಿದ ನಟಿಯೂ ಅವುಗಳ ಕರ್ತೃಗಳಲ್ಲಿ ಒಬ್ಬರೆಂದು ಒಪ್ಪಬೇಕಾಗುತ್ತದೆ. ಹಾಗೆ ಒಪ್ಪಿದರೆ ನಿಕಿ ಕರೀಮಿ ೨೦೦೧ರಲ್ಲಿ ಇದ್ದಕ್ಕಿದ್ದಂತೆ ನಿರ್ದೇಶಕಿಯಾದರೆಂದು ಹೇಳಲಾಗದು. ಕ್ಯಾಮೆರಾದ ಮುಂದೆ ನಿಂತು ಮಾಡುತ್ತಿದ್ದ ಆಲೋಚನೆಯನ್ನೇ ಅವರು ಅದರ ಹಿಂದೆ ನಿಂತು ಮುಂದುವರಿಸಿದರು. ನಟನೆ ಆಲೋಚನೆಯ ಒಂದು ಮಾರ್ಗವೆಂದು ಒಪ್ಪುವ ವಿಮರ್ಶೆ ಮಾತ್ರ ಇಂಥ ವೃತ್ತಿಜೀವನಕ್ಕೆ ನ್ಯಾಯ ಒದಗಿಸಬಲ್ಲದು. ಅಂಥ ವಿಮರ್ಶೆಯನ್ನು ಬೆಳೆಸುವ ಹೊಣೆ ಸಿನಿಮಾವನ್ನು ಗಂಭೀರವಾಗಿ ಅಭ್ಯಸಿಸುವ ಎಲ್ಲ ಭಾಷೆಗಳ ವಿದ್ಯಾರ್ಥಿಗಳ ಮೇಲಿದೆ.